ಕಣ್ಣು ಬಾಕಿಯಿದ್ದ ಹಕ್ಕಿಗಳು

ಬೆಳಿಗ್ಗೆ ಎದ್ದ ಕೂಡಲೇ ನಾನು ಮಾಡುತ್ತಿದ್ದ ಮೊದಲ ಕೆಲಸ ಪೆಟ್ಟಿಗೆಯನ್ನು ತಟ್ಟುವುದು. ಮಲಗಿದವರ ಭುಜ ತಟ್ಟುವ ಹಾಗೆ, ಎರಡೇ ಸಲ, ಹೊದಿಸಿದ ಬಟ್ಟೆಯ ಮೇಲಿಂದಲೇ. "ಎದ್ದೆ ಕಣೇ" ಅನ್ನುತ್ತಿದ್ದೆ. ಉತ್ತರ ಬರುವುದಿಲ್ಲ ಅನ್ನುವಷ್ಟು ಬುದ್ಧಿ ನನಗೂ ಇದೆ. ಆರು ವರ್ಷದ ಹಿಂದೆ ತೀರಿಕೊಂಡ ಹೆಂಡತಿ ಮಾತಾಡುತ್ತಾಳೆಂದು ನಂಬುವಷ್ಟು ತಲೆ ಕೆಟ್ಟಿಲ್ಲ. ಆದರೆ ದಿನಕ್ಕೆ ಒಂದಾದರೂ ಮಾತು ಬಾಯಿಂದ ಹೊರಗೆ ಬೀಳದಿದ್ದರೆ ಗಂಟಲು ತುಕ್ಕು ಹಿಡಿಯುತ್ತದೆ.

ಆಮೇಲೆ ಒಲೆ. ಒಂದೇ ಪಾತ್ರೆಯಲ್ಲಿ ಬೇಯಿಸಿ ಎರಡು ಹೊತ್ತು ತಿನ್ನುತ್ತೇನೆ. ರುಚಿಯ ಮಾತು ಎತ್ತಬೇಡಿ. ತಟ್ಟೆ ತೊಳೆದಿಟ್ಟು ಕಿಟಕಿಯ ಕೆಳಗಿನ ಮೇಜಿಗೆ ಬರುತ್ತೇನೆ. ಅಗಸೆ ಎಣ್ಣೆಯ ಶೀಶೆ, ಹಳೆಯ ತಗಡಿನ ಡಬ್ಬಿಗಳಲ್ಲಿ ಬಣ್ಣದ ಪುಡಿ, ಹಿಡಿ ಮುರಿದ ಕಪ್ಪುಗಳಲ್ಲಿ ಕುಂಚಗಳು. ನಾಲ್ಕೇ ಕೂದಲಿನ ಕುಂಚವೊಂದು ಮಾತ್ರ ಬೇರೆಯಾಗಿ, ಔಷಧಿಯ ಖಾಲಿ ಶೀಶೆಯಲ್ಲಿ ಇರುತ್ತದೆ. ಅದು ಕಣ್ಣಿನ ಕುಂಚ. ಅದರ ವಿಷಯ ಹೇಳದಿದ್ದರೆ ಮುಂದಿನದು ಯಾವುದೂ ಅರ್ಥವಾಗುವುದಿಲ್ಲ.

ನಾನು ಪೆಟ್ಟಿಗೆಗಳ ಮುಚ್ಚಳದ ಮೇಲೆ ಹಕ್ಕಿ ಬರೆಯುವವನು. ಸುತ್ತಮುತ್ತಲ ಊರುಗಳಲ್ಲಿ ಹೊಸ ಮನೆ ಕಟ್ಟಿದವರು, ಹೊಸದಾಗಿ ಸಂಸಾರ ಹೂಡಿದವರು ಒಂದು ಮರದ ಪೆಟ್ಟಿಗೆ ಮಾಡಿಸುತ್ತಾರೆ. ಪೆಟ್ಟಿಗೆ ಮಾಡುವವನು ಬಡಗಿ, ನನ್ನ ಹೆಂಡತಿಯ ತಮ್ಮ. ಮುಚ್ಚಳದ ಮೇಲೆ ಒಂದು ಕೊಂಬೆ, ಎಲೆ, ಎದುರುಬದುರು ಕೂತ ಜೋಡಿ ಹಕ್ಕಿ ಬರೆಯುವವನು ನಾನು. ಒಂದು ಮುಚ್ಚಳಕ್ಕೆ ಒಂದು ತಿಂಗಳು ಬೇಕು. ಒಂದು ಜೋಡಿಯ ಹಾಗೆ ಇನ್ನೊಂದನ್ನು ನಾನು ಬರೆದದ್ದೇ ಇಲ್ಲ. ಊರಿನ ಮಕ್ಕಳು ಹಕ್ಕಿಯಜ್ಜ ಎಂದು ಕರೆದರು, ಆಮೇಲೆ ದೊಡ್ಡವರೂ ಹಾಗೇ ಕರೆದರು, ಈಗ ನನ್ನ ನಿಜವಾದ ಹೆಸರು ಕರೆದರೆ ನಾನೇ ತಿರುಗಿ ನೋಡುವುದು ಅನುಮಾನ.

ನನ್ನದೊಂದು ಹಟವಿದೆ. ಕಣ್ಣನ್ನು ನಾನು ಮನೆಯಲ್ಲಿ ಕೂತು ಇಡುವುದಿಲ್ಲ. ಪೆಟ್ಟಿಗೆ ಯಾರ ಮನೆಗೆ ಹೋಗುತ್ತದೋ ಅಲ್ಲಿ, ಯಾವ ಮೂಲೆಯಲ್ಲಿ ನಿಲ್ಲುತ್ತದೋ ಆ ಮೂಲೆಯಲ್ಲಿ ಕೂತು ಇಡುತ್ತೇನೆ. ಕಣ್ಣಿನ ಕಪ್ಪು ಚುಕ್ಕಿಯೊಳಗೆ ಸಾಸಿವೆಗಿಂತ ಸಣ್ಣ ಬಿಳಿ ಚುಕ್ಕಿ ಒಂದಿರುತ್ತದೆ, ಬೆಳಕಿನ ಚುಕ್ಕಿ. ಆ ಕೋಣೆಯ ಕಿಟಕಿ ಎಡಕ್ಕಿದ್ದರೆ ಅದು ಎಡಕ್ಕೆ ಬೀಳಬೇಕು, ಬಲಕ್ಕಿದ್ದರೆ ಬಲಕ್ಕೆ. ಅದು ಸರಿಯಾಗಿ ಬಿತ್ತೋ, ಹಕ್ಕಿ ಆ ಮನೆಯದಾಗುತ್ತದೆ. ತಪ್ಪಿತೋ, ಎಷ್ಟು ಚೆಂದ ಬರೆದರೂ ಅದು ಬರೀ ಬಣ್ಣ. ಊರಿಗೆಲ್ಲ ಇದು ಗೊತ್ತು. ಕಣ್ಣಿಲ್ಲದ ಹಕ್ಕಿಯ ಪೆಟ್ಟಿಗೆ ಮನೆಗೆ ಬಂದರೆ ಯಾರೂ ಗಾಬರಿಯಾಗುವುದಿಲ್ಲ, ನಾನು ಬರುವ ದಿನಕ್ಕೆ ಕಾಯುತ್ತಾರೆ. ಕುರ್ಚಿ ಹಾಕಿ, ಕುಡಿಯಲು ಏನಾದರೂ ಕೊಟ್ಟು, ಮನೆ ಮಂದಿಯೆಲ್ಲ ಉಸಿರು ಬಿಗಿಹಿಡಿದು ಸುತ್ತ ನಿಲ್ಲುತ್ತಾರೆ. ನಿಜ ಹೇಳಬೇಕೆಂದರೆ ಹೆಂಡತಿ ಹೋದ ಮೇಲೆ ನಾನು ಮನುಷ್ಯರ ನಡುವೆ ಕೂರುತ್ತಿದ್ದದ್ದು ಆ ದಿನಗಳಲ್ಲಿ ಮಾತ್ರ.

ಎರಡು ವರ್ಷದಿಂದ ಅದೂ ನಿಂತುಹೋಗಿತ್ತು. "ಯಾರಿಗೆ ಬೇಕು ಭಾವ ಈಗ ಪೆಟ್ಟಿಗೆ? ಎಲ್ಲ ಕಬ್ಬಿಣದ ಬೀರು ಕೇಳ್ತಾರೆ" ಎಂದು ಬಡಗಿ ಹೇಳಿದ. ಮೂರು ತಿಂಗಳಿಗೋ ನಾಲ್ಕು ತಿಂಗಳಿಗೋ ಒಂದು ಮುಚ್ಚಳ ತಂದುಕೊಡುತ್ತಿದ್ದ. ಬರೆದುಕೊಟ್ಟರೆ ತೆಗೆದುಕೊಂಡು ಹೋಗುತ್ತಿದ್ದ. ಕಣ್ಣಿಡಲು ಯಾವಾಗ ಹೋಗಬೇಕು ಎಂದು ಕೇಳಿದರೆ, "ದೂರದ ಊರು ಭಾವ, ಹೇಳಿ ಕಳಿಸ್ತಾರಂತೆ" ಅನ್ನುತ್ತಿದ್ದ. ಯಾರೂ ಹೇಳಿ ಕಳಿಸಲಿಲ್ಲ. ಪ್ರತಿ ಸೋಮವಾರ ಮಧ್ಯಾಹ್ನ ತಪ್ಪದೆ ಒಂದು ಚೀಲ ತರಕಾರಿ ಹಿಡಿದು ಬಂದು, ಗೋಡೆಗೆ ಒರಗಿ ಕೂತು, ನನ್ನ ಸಪ್ಪೆ ಅಡುಗೆಯನ್ನು ಹಂಗಿಸಿ ಎದ್ದು ಹೋಗುತ್ತಿದ್ದ. ನನಗೋ ಅವನ ಮೇಲೆ ಕರುಳು ಚುರುಕ್ ಅನ್ನುತ್ತಿತ್ತು. ನನ್ನ ನಿಧಾನದಿಂದ, ನನ್ನ ಹಳೇ ಹಕ್ಕಿಗಳಿಂದ ಅವನ ಕಸುಬೂ ಮುಳುಗಿತಲ್ಲ ಎಂದು ಎಷ್ಟೋ ದಿನ ಊಟ ಸೇರಿಲ್ಲ. ಈಗ ನೆನೆದರೆ ಮೈ ಉರಿಯುತ್ತದೆ.

ಊರಿನವರೂ ಬದಲಾಗಿದ್ದರು. ಎದುರು ಸಿಕ್ಕಿದರೆ ಮುಖ ಆಚೆ ತಿರುಗಿಸುತ್ತಿದ್ದರು. ದಿನಸಿ ಅಂಗಡಿಯವನು ಒಮ್ಮೆ, "ನಮ್ಮಂಥವರ ಮನೆಗೆಲ್ಲ ನೀವೆಲ್ಲಿ ಬರ್ತೀರಿ ಬಿಡಿ, ದೊಡ್ಡ ಮನುಷ್ಯರು" ಎಂದ. ಕಾಲು ಕೆರೆದು ಜಗಳಕ್ಕೆ ಬರುತ್ತಿದ್ದಾನೆ ಎಂದುಕೊಂಡು ನಾನೂ ಎರಡು ಮಾತು ಬಿಸಿಯಾಗಿ ಆಡಿ ಬಂದೆ. ನನ್ನ ಸಿಟ್ಟು ಊರಿಗೇ ಹೆಸರುವಾಸಿ. ವಯಸ್ಸಾದವನು ಯಾರಿಗೂ ಬೇಡ, ಇಷ್ಟೇ ಎಂದು ಸಮಾಧಾನ ಮಾಡಿಕೊಂಡೆ.

ಹೋದ ಬುಧವಾರ ಟರ್ಪೆಂಟೈನ್ ಮುಗಿದಿತ್ತು. ಶೀಶೆ ಹಿಡಿದು ಪೇಟೆ ಬೀದಿಗೆ ಹೊರಟಿದ್ದೆ. ದರ್ಜಿಯಮ್ಮ ಹೊಲಿಗೆ ಯಂತ್ರದ ಮುಂದಿನಿಂದ ಎದ್ದು, ಕುತ್ತಿಗೆಯಲ್ಲಿ ಅಳತೆಯ ಟೇಪು ನೇತುಹಾಕಿಕೊಂಡೇ ಬೀದಿಗೆ ಇಳಿದು ನನ್ನನ್ನು ಅಡ್ಡಗಟ್ಟಿದಳು. ಯಾರಿಗೂ ಸೊಪ್ಪು ಹಾಕದ ಹೆಂಗಸು ಅವಳು.

"ಎಷ್ಟು ದಿನ ಕಾಯಿಸ್ತೀರಿ ಹಕ್ಕಿಯಜ್ಜ? ಒಂದೂವರೆ ವರ್ಷ ಆಯ್ತು. ಎರಡು ಚುಕ್ಕಿ ಇಡೋಕೆ ಇಷ್ಟು ಬಿಗುಮಾನವಾ?"

"ಯಾವ ಚುಕ್ಕಿ?"

"ಅಯ್ಯೋ, ನಮ್ಮ ಪೆಟ್ಟಿಗೆ ಕಣ್ಣು! ನಿಮ್ಮ ಭಾವಮೈದ ಹೇಳಿದ್ರು, ಅಜ್ಜನಿಗೆ ಮೈ ಸರಿ ಇಲ್ಲ, ಕೇಳಿದ್ರೆ ಸಿಟ್ಟಾಗ್ತಾರೆ, ತಾವಾಗೇ ಬರೋವರೆಗೂ ಯಾರೂ ನೆನಪಿಸಬೇಡಿ ಅಂತ. ಸುಮ್ಮನಿದ್ವಿ. ಆದ್ರೆ ದಿನಾ ಬೀದಿಯಲ್ಲಿ ಓಡಾಡ್ತಾ ಇದ್ದೀರಲ್ಲ, ನೋಡಿ ನೋಡಿ ಸಾಕಾಯ್ತು ನನಗೆ."

ನಾನು ಅವಳ ಮನೆಗೆ ಮುಚ್ಚಳ ಬರೆದಿರಲಿಲ್ಲ. ಅವಳಿಗೇ ಮರೆವಿರಬೇಕು ಎಂದುಕೊಂಡು ಹಿಂದೆ ಹೋದೆ. ಒಳಕೋಣೆಯಲ್ಲಿ, ಮಡಿಸಿಟ್ಟ ಬಟ್ಟೆಗಳ ರಾಶಿಯ ಪಕ್ಕ, ಪೆಟ್ಟಿಗೆ ಇತ್ತು. ಕೆಲಸ ಬಡಗಿಯದೇ, ಮೂಲೆಯ ಕೂಡಿಕೆ ನೋಡಿದರೇ ಗೊತ್ತಾಗುತ್ತದೆ. ಮುಚ್ಚಳದ ಮೇಲೆ ಜೋಡಿ ಹಕ್ಕಿ. ಕಣ್ಣಿಲ್ಲ.

ಅದು ನನ್ನ ಹೆಂಡತಿಯ ಪೆಟ್ಟಿಗೆಯ ಚಿತ್ರ.

ಅವಳು ಹಾಸಿಗೆ ಹಿಡಿದ ಮೇಲೆ ನಾನು ಬೇರೆ ಕೆಲಸವೆಲ್ಲ ಬಿಟ್ಟು ಅವಳಿಗೆಂದೇ ಒಂದು ಮುಚ್ಚಳ ಬರೆದೆ. ನಲವತ್ತು ವರ್ಷ ಊರವರ ಮನೆಗೆಲ್ಲ ಹಕ್ಕಿ ಬರೆದವನು ಕಟ್ಟಿಕೊಂಡವಳಿಗೆ ಒಂದೂ ಬರೆದುಕೊಟ್ಟಿರಲಿಲ್ಲ. ಅವಳ ಮಂಚದ ಪಕ್ಕದಲ್ಲೇ ಕೂತು ಬರೆಯುತ್ತಿದ್ದೆ. ಒಮ್ಮೆ ಹಲಗೆ ತಿರುಗಿಸಿದಾಗ ಹಿಂಬದಿಯ ಗಂಟಿನ ಪಕ್ಕ ಅವಳೂ ಪೆನ್ಸಿಲಿನಲ್ಲಿ ಒಂದು ಗೆರೆ ಎಳೆದಳು. ಒಂದು ದಿನ ಔಷಧಿ ಕುಡಿಸುವಾಗ ಚಮಚದಿಂದ ಒಂದು ಹನಿ ಎಲೆಯ ಮೇಲೆ ಬಿತ್ತು, ಕಂದು ಬಣ್ಣದ ಹನಿ. ನಾನು ತಲೆ ಚಚ್ಚಿಕೊಂಡೆ. ಅವಳು ನಕ್ಕಳು. "ಹಣ್ಣು ಮಾಡಿಬಿಡಿ ಅದನ್ನ" ಅಂದಳು. ಹಣ್ಣು ಮಾಡಿದೆ. ಅದಾದ ಒಂಬತ್ತನೇ ದಿನ ಅವಳು ಹೋದಳು. ಕಣ್ಣು ಬಾಕಿ ಉಳಿಯಿತು. ನನ್ನ ಕೈಯಿಂದ ಬಂದದ್ದರಲ್ಲೆಲ್ಲ ಒಳ್ಳೆಯದು ಅದು, ಯಾರಿಗೂ ತೋರಿಸಲಿಲ್ಲ. ಮೇಲೆ ಬಟ್ಟೆ ಹೊದಿಸಿ ಮೂಲೆಯಲ್ಲಿಟ್ಟೆ. ನನಗೂ ನೋಡುವ ಶಕ್ತಿ ಇರಲಿಲ್ಲ. ಒಂದೊಂದು ಎಲೆಯೂ ಬಾಯಿಪಾಠವಾಗಿರುವಾಗ ನೋಡುವುದಾದರೂ ಏತಕ್ಕೆ? ಎರಡು ವರ್ಷದ ಹಿಂದೆ ಪೆಟ್ಟಿಗೆಯ ಕಾಲಿಗೆ ಗೆದ್ದಲು ಹತ್ತಿದೆ ಎಂದು ಬಡಗಿ ಅದನ್ನು ತನ್ನ ಕೊಟ್ಟಿಗೆಗೆ ಒಯ್ದು, ಮೂರು ವಾರ ಇಟ್ಟುಕೊಂಡು, ಕಾಲು ಬದಲಾಯಿಸಿ ತಂದುಕೊಟ್ಟಿದ್ದ. ತಂದವನು ತಾನೇ ಬಟ್ಟೆ ಹೊದಿಸಿ, ನಾಲ್ಕೂ ಮೂಲೆ ಒಳಕ್ಕೆ ಸಿಕ್ಕಿಸಿ ಹೋಗಿದ್ದ. ಅಕ್ಕನ ಪೆಟ್ಟಿಗೆ ಎಂದು ಎಷ್ಟು ಅಕ್ಕರೆ ಎಂದುಕೊಂಡಿದ್ದೆ.

ದರ್ಜಿಯಮ್ಮನ ಮುಚ್ಚಳದ ಮೇಲೂ ಆ ಹಣ್ಣು ಇತ್ತು. ಉಗುರಿನಿಂದ ಮುಟ್ಟಿದೆ. ಜಾರಿತು. ಬಣ್ಣದ ಉಬ್ಬು ಇಲ್ಲ, ಕುಂಚದ ಗೀರು ಇಲ್ಲ, ಕನ್ನಡಿಯ ಹಾಗೆ ನುಣ್ಣಗೆ, ತಣ್ಣಗೆ. ಯಂತ್ರದಲ್ಲಿ ಅಚ್ಚು ಹಾಕಿ ಅಂಟಿಸಿದ ಹಾಳೆ.

"ಹೊಳಪು ಬರೋಕೆ ಮೇಲೆ ಏನೋ ಬಳಿದಿದ್ದಾರೆ ಅಂದ್ರು ನಿಮ್ಮ ಭಾವಮೈದ" ಎಂದಳು ದರ್ಜಿಯಮ್ಮ. "ನಮ್ಮ ಅಕ್ಕನ ಮನೆಯಲ್ಲೂ ಇದೇ ಹಕ್ಕಿ, ದಿನಸಿ ಅಂಗಡಿಯವರ ಮನೆಯಲ್ಲೂ ಇದೇ. ಅಜ್ಜನಿಗೆ ವಯಸ್ಸಾಯ್ತು ಪಾಪ, ಬರೆದದ್ದನ್ನೇ ಬರೀತಾ ಇದ್ದಾರೆ ಅಂತ ಮಾತಾಡ್ಕೊಂಡ್ವಿ. ಬೇಜಾರು ಮಾಡ್ಕೋಬೇಡಿ."

ಅವಳು ಆಗಲೇ ಕುರ್ಚಿ ತಂದು ಹಾಕಿದ್ದಳು. ಒಂದು ಲೋಟ ಬಿಸಿ ಹಾಲು ಕೈಗೆ ಕೊಟ್ಟು, ಕಣ್ಣರಳಿಸಿ ಪಕ್ಕದಲ್ಲಿ ನಿಂತಳು. ಏನು ಹೇಳಲಿ ಅವಳಿಗೆ? ನಿನಗೆ ಮೋಸವಾಗಿದೆ ಎಂದರೆ, ಮೋಸ ಮಾಡಿದವನು ನನ್ನ ಹೆಂಡತಿಯ ಒಡಹುಟ್ಟು. ಅವಳೇ ಬಣ್ಣದ ಪೆನ್ಸಿಲಿನ ಕಪ್ಪು ಪುಡಿಗೆ ಎಣ್ಣೆ ಕಲಸಿ, "ಒಂದು ಚುಕ್ಕಿ ಇಟ್ಟು ನೋಡಿ" ಎಂದು ಒಂದು ಕಡ್ಡಿ ಕೊಟ್ಟಳು. ಮಂತ್ರ ಹಾಕಿಸಿಕೊಂಡವನ ಹಾಗೆ ಇಟ್ಟೆ. ಚುಕ್ಕಿ ನಿಲ್ಲಲಿಲ್ಲ. ಮುದುಡಿ ಗುಂಡಾಗಿ, ಹಕ್ಕಿಯ ಕೆನ್ನೆಯ ಮೇಲೆ ಜಾರಿತು. ಬೆರಳಲ್ಲಿ ಒರೆಸಿದೆ, ಗುರುತೇ ಉಳಿಯಲಿಲ್ಲ. "ಕುಂಚ ತಂದಿಲ್ಲ, ಇನ್ನೊಮ್ಮೆ ಬರ್ತೀನಿ" ಎಂದು ಎದ್ದೆ. ಹಾಲು ಹಾಗೇ ಉಳಿಯಿತು.

ಬಡಗಿಯ ಕೊಟ್ಟಿಗೆ ಬೀದಿಯ ಕೊನೆಗೆ. ಬಾಗಿಲಲ್ಲಿ ಮರದ ಹೊಟ್ಟು ಮೊಣಕಾಲೆತ್ತರ ಬಿದ್ದಿತ್ತು. ಕೆಲಸವಿಲ್ಲದವನ ಕೊಟ್ಟಿಗೆಯಲ್ಲಿ ಇಷ್ಟು ಹೊಟ್ಟು ಎಲ್ಲಿಂದ ಬಂತು ಎಂದು ಎರಡು ವರ್ಷದಲ್ಲಿ ಒಮ್ಮೆಯೂ ಇತ್ತ ಬಂದು ನೋಡದ ನನ್ನನ್ನೇ ಬೈದುಕೊಂಡೆ. ಒಳಗೆ ಗೋಡೆಗುಂಟ ಪೆಟ್ಟಿಗೆಗಳು. ಎಲ್ಲದರ ಮೇಲೂ ನನ್ನವಳ ಹಕ್ಕಿ, ನನ್ನವಳ ಹಣ್ಣು. ಮೂಲೆಯಲ್ಲಿ ಸುರುಳಿ ಸುತ್ತಿದ ಹಾಳೆಯ ಕಟ್ಟು.

ನನ್ನನ್ನು ಕಂಡು ಅವನ ಕೈಯ ಉಳಿ ನಿಂತಿತು.

"ಕೂತ್ಕೊಳ್ಳಿ ಭಾವ" ಎಂದ.

"ಕೂರೋಕೆ ಬಂದಿಲ್ಲ. ಹೇಳು."

"ಏನು ಹೇಳ್ಲಿ? ತಿಂಗಳಿಗೆ ಒಂದು ಬರೀತೀರಿ ನೀವು. ಜನ ವಾರಕ್ಕೆ ನಾಲ್ಕು ಕೇಳ್ತಾರೆ. ನಿಮ್ಮ ಹಕ್ಕೀನೇ ಬೇಕು ಅವರಿಗೆ, ಬೇರೆ ಬೇಡ. ಪಟ್ಟಣದಲ್ಲಿ ಒಬ್ಬರು ಅಚ್ಚು ಹಾಕ್ತೀವಿ ಅಂದ್ರು. ಒಂದೇ ಒಂದು ಸಲ ಅಂತ ಕೊಟ್ಟೆ."

"ಅದೇ ಬೇಕಾಗಿತ್ತಾ ನಿಂಗೆ? ಅವಳದ್ದೇ?"

"ಅದಕ್ಕಿಂತ ಚೆನ್ನಾಗಿರೋದು ಯಾವುದಿದೆ ಭಾವ, ನೀವೇ ಹೇಳಿ" ಎಂದ. ಆ ಮಾತು ನಿಜವಾಗಿತ್ತು, ಅದಕ್ಕೇ ಇನ್ನೂ ಸಿಟ್ಟು ಬಂತು. "ಕಣ್ಣಿಲ್ಲದ್ದೂ ಒಳ್ಳೇದೇ ಆಯ್ತು. ಕಣ್ಣಿದ್ದಿದ್ರೆ ಯಾರೂ ನಂಬ್ತಿರಲಿಲ್ಲ. ಕಣ್ಣು ಬಾಕಿ ಇದೆ, ಅಜ್ಜ ಬರ್ತಾರೆ ಅಂದೆ, ಕಣ್ಣು ಮುಚ್ಚಿ ತಗೊಂಡು ಹೋದ್ರು."

"ನಂಗೆ ಮೂರು ತಿಂಗಳಿಗೆ ಒಂದು ಮುಚ್ಚಳ ತರ್ತಿದ್ಯಲ್ಲ? ಆ ದೂರದ ಊರಿನವರು?"

ಅವನು ತಲೆ ತಗ್ಗಿಸಿ ಹಿಂದಿನ ಚಪ್ಪರದತ್ತ ಕೈ ತೋರಿಸಿದ. ಹೋಗಿ ನೋಡಿದೆ. ನಾನು ಬರೆದ ಏಳು ಮುಚ್ಚಳಗಳು ಒಂದರ ಮೇಲೊಂದು, ಮೇಲಿನದರ ಮೇಲೆ ಅಂಟಿನ ಡಬ್ಬಿ. ಯಾವ ಊರೂ ಇರಲಿಲ್ಲ, ಯಾವ ಮನೆಯೂ ಇರಲಿಲ್ಲ. ಏಳು ತಿಂಗಳು ನಾನು ಬೆನ್ನು ಬಗ್ಗಿಸಿ ಅಂಟಿನ ಡಬ್ಬಿಗೆ ಆಸರೆ ಬರೆದಿದ್ದೆ.

"ಒಂದು ಮನೆಗೆ ಕರ್ಕೊಂಡು ಹೋದ್ರೆ ಪಕ್ಕದ ಮನೆಯವರೂ ಕರೀತಾರಲ್ಲ ಭಾವ. ಎಲ್ಲ ಬಯಲಾಗ್ತಿತ್ತು. ಹಾಗಂತ ನಿಮ್ಮ ಕೈ ಖಾಲಿ ಬಿಡೋಕೂ ಮನಸ್ಸು ಬರಲಿಲ್ಲ. ಕೆಲಸ ಇಲ್ದೆ ಹೋದ್ರೆ ಎಲ್ಲಿ ಮೂಲೆ ಹಿಡೀತೀರೋ ಅಂತ..."

ಕರುಣೆ! ಮೋಸವನ್ನಾದರೂ ನುಂಗಿಕೊಳ್ಳಬಹುದು, ಅದಕ್ಕೆ ಸವರಿದ ಈ ಬೆಲ್ಲವನ್ನು ಹೇಗೆ ನುಂಗುವುದು? ನನಗೆ ಅಳು ಬಂತು, ಅವನೆದುರು ಅಳಬಾರದೆಂದು ಹಲ್ಲು ಕಚ್ಚಿದೆ. ಅವನು ಅದನ್ನು ಸಮಾಧಾನವೆಂದು ತಿಳಿದನೋ ಏನೋ, ಅಂಗಿ ಜೇಬಿನಿಂದ ಒಂದು ದಪ್ಪ ಕಪ್ಪು ಪೆನ್ನು ತೆಗೆದ.

"ಜನ ಗೊಣಗ್ತಾ ಇದ್ದಾರೆ ಭಾವ. ಒಂದು ಸುತ್ತು ಹೋಗಿ ಬಂದುಬಿಡಿ. ಹಾಳೆ ಮೇಲೆ ಬಣ್ಣ ನಿಲ್ಲಲ್ಲ, ಈ ಪೆನ್ನಾದ್ರೆ ಕೂರುತ್ತೆ. ಎಲ್ಲರ ಬಾಯಿ ಮುಚ್ಚುತ್ತೆ, ನಿಮಗೂ ನಾಲ್ಕು ಮನೆ ಓಡಾಡಿದ ಹಾಗಾಗುತ್ತೆ."

ನನ್ನ ಜೇಬಿಗೆ ತಾನೇ ಸಿಕ್ಕಿಸಿದ. ತಿರುಗಿ ಹೊರಟವನನ್ನು ಬಾಗಿಲವರೆಗೂ ಬಂದು ತಡೆದ.

"ಇನ್ನೊಂದು ಮಾತು ಭಾವ. ಅಕ್ಕನ ಪೆಟ್ಟಿಗೆ ಮಾತ್ರ ಮುಟ್ಟೋಕೆ ಹೋಗ್ಬೇಡಿ. ಹೇಗಿದೆಯೋ ಹಾಗೇ ಇರ್ಲಿ."

ಇಷ್ಟಾದರೂ ಮರ್ಯಾದೆ ಉಳಿಸಿಕೊಂಡಿದ್ದಾನಲ್ಲ ಎಂದುಕೊಂಡೆ. ನನ್ನ ದಡ್ಡತನಕ್ಕೆ ಕೊನೆಯೇ ಇಲ್ಲ.

ಮರುದಿನ ಬೆಳಿಗ್ಗೆ ಒಲೆ ಹಚ್ಚಲಿಲ್ಲ. ಊರಿನ ತುಂಬ ಅವಳ ಹಕ್ಕಿಗಳು ಕುರುಡಾಗಿ ಕೂತಿವೆ. ಆದರೆ ನಿಜವಾದದ್ದು ನನ್ನ ಹತ್ತಿರ ಇದೆ, ಅದಕ್ಕೆ ಕಣ್ಣು ಕೊಟ್ಟರೆ ಉಳಿದವೆಲ್ಲ ಬರೀ ಹಾಳೆ. ಆರು ವರ್ಷ ಮುಂದೂಡಿದ್ದನ್ನು ಇನ್ನು ಮುಂದೂಡಬಾರದು ಅನ್ನಿಸಿತು. ಸ್ನಾನ ಮಾಡಿ, ಕಪ್ಪು ಅರೆದು ಎಣ್ಣೆ ಹಾಕಿ ಹದ ಮಾಡಿದೆ, ಬಿಳಿಯನ್ನೂ ಮಾಡಿದೆ. ಪೆಟ್ಟಿಗೆಯನ್ನು ಎಳೆದು ಎಳೆದು ಅವಳ ಮಂಚವಿದ್ದ ಜಾಗಕ್ಕೆ ತಂದೆ. ಅಲ್ಲಿ ಕಿಟಕಿ ಎಡಕ್ಕೆ. ಬಿಳಿ ಚುಕ್ಕಿ ಎಡಕ್ಕೆ ಬೀಳಬೇಕು. "ಇವತ್ತು ಮುಗಿಸಿಬಿಡ್ತೀನಿ ಕಣೇ" ಎಂದೆ. ಔಷಧಿಯ ಶೀಶೆಯಿಂದ ನಾಲ್ಕು ಕೂದಲಿನ ಕುಂಚ ತೆಗೆದೆ. ಬಟ್ಟೆ ಸರಿಸಿದೆ.

ಚೆನ್ನಾಗಿತ್ತು. ಎಲೆ, ಕೊಂಬೆ, ಹಣ್ಣು, ಎಲ್ಲ ನೆನಪಿನಲ್ಲಿದ್ದ ಹಾಗೇ ಇತ್ತು. ಕಣ್ಣು ಮಂಜಾಗಿತ್ತು, ಒರೆಸಿಕೊಂಡೆ. ಉಸಿರು ಬಿಗಿಹಿಡಿದು ಮೊದಲ ಹಕ್ಕಿಗೆ ಕಪ್ಪು ಚುಕ್ಕಿ ಇಟ್ಟೆ.

ಚುಕ್ಕಿ ಮುದುಡಿತು. ಗುಂಡಾಯಿತು. ಕೆನ್ನೆಯ ಮೇಲೆ ಜಾರಿತು.

ಆಮೇಲೆ ಹಣ್ಣಿನ ಮೇಲೆ ಉಗುರು ಇಟ್ಟೆ. ಉಗುರೂ ಜಾರಿತು. ಎರಡು ವರ್ಷ, ಪ್ರತಿ ಬೆಳಿಗ್ಗೆ, ಬಟ್ಟೆಯ ಮೇಲಿಂದ ನಾನು ತಟ್ಟಿ ಮಾತಾಡಿಸಿದ್ದು ಇದನ್ನು.

ಕೀಲಿನ ಮೊಳೆ ಬಿಚ್ಚಿ ಮುಚ್ಚಳವನ್ನು ಹೆಗಲ ಮೇಲೆ ಹೊತ್ತು ಹೊರಟೆ. ಈ ವಯಸ್ಸಿನಲ್ಲಿ ಅಷ್ಟು ಭಾರ ಹೇಗೆ ಹೊತ್ತೆನೋ ಗೊತ್ತಿಲ್ಲ. ಬೀದಿಯವರು ದಾರಿ ಬಿಟ್ಟರು. ಕೊಟ್ಟಿಗೆಯಲ್ಲಿ ಅವನ ಪೆಟ್ಟಿಗೆಗಳ ಸಾಲಿಗೆ ಅದನ್ನೂ ಒರಗಿಸಿ ನಿಲ್ಲಿಸಿದೆ. ಜೇಬಿನ ಪೆನ್ನು ತೆಗೆದು ಅವನ ಮುಂದೆ ಹಿಡಿದೆ.

"ಒಂದು ಮನೆ ಬಾಕಿ ಇತ್ತು ಮಾರಾಯ. ಕಣ್ಣು ನೀನೇ ಇಡು. ನಿನ್ನಕ್ಕನ ಕಿಟಕಿ ಯಾವ ಕಡೆಗಿತ್ತು ಅಂತ ನಿಂಗೆ ಗೊತ್ತಲ್ಲ."

ಅವನು ಪೆನ್ನು ತೆಗೆದುಕೊಳ್ಳಲಿಲ್ಲ. ಹೊಟ್ಟಿನ ರಾಶಿಯ ಮೇಲೆ ಕುಸಿದು ಕೂತ.

"ಎಲ್ಲಿದೆ ಅದು?" ಎಂದೆ.

"ಅಚ್ಚು ಹಾಕೋರು ನಕಲು ತೆಗೆಯೋಕೆ ಅಂತ ಗಾಜಿನ ಮೇಲೆ ಬೋರಲು ಹಾಕಿ, ಮೇಲೆ ಭಾರ ಇಟ್ಟಿದ್ರು ಭಾವ. ಬಿಸಿಲು ಕಾಲ. ಬಣ್ಣ ಗಾಜಿಗೆ ಅಂಟ್ಕೊಂಡ್ಬಿಡ್ತು. ಎತ್ತಿದಾಗ ಚಕ್ಕೆ ಚಕ್ಕೆಯಾಗಿ ಕಿತ್ತು ಬಂತು. ಒಂದು ರೆಕ್ಕೆ, ಆ ಹಣ್ಣು, ಅಷ್ಟೇ ಉಳಿದಿದ್ದು. ಅದನ್ನ ಹೇಗೆ ತಂದು ತೋರಿಸ್ಲಿ ನಿಮಗೆ?"

"ಹಣ್ಣು ಉಳಿದಿತ್ತಾ?"

"ಉಳಿದಿತ್ತು."

"ಅದಾದ್ರೂ ಎಲ್ಲಿದೆ?"

ಅವನು ಮುಖ ಎತ್ತಿದ. ಕಣ್ಣಲ್ಲಿ ನೀರಿತ್ತು, ಸುಳ್ಳಿನ ನೀರಲ್ಲ. ಅವನಿಗೆ ಇನ್ನೂ ತಾನು ಮಾಡಿದ್ದರಲ್ಲಿ ಒಂದು ಒಳ್ಳೆಯದು ಇದೆ ಎಂಬ ನಂಬಿಕೆ ಇತ್ತು.

"ಕೀಸಿದೆ ಭಾವ. ಒಳ್ಳೆ ಹಲಗೆ, ಬಿಸಾಡೋಕೆ ಕೈ ಬರಲಿಲ್ಲ. ನುಣ್ಣಗೆ ಕೀಸಿ ಅದರ ಮೇಲೇ ಹಾಳೆ ಅಂಟಿಸಿದೆ. ಹಲಗೆ ಅದೇ. ಹಲಗೆ ಬದಲಾಯಿಸಿಲ್ಲ, ಅಕ್ಕನಾಣೆ."

ಅವನು ಬಡಗಿ. ಬಡಗಿಯ ಕಣ್ಣಿಗೆ ಮೊದಲು ಕಾಣುವುದು ಹಲಗೆ. ಆಣೆಯೂ ಸುಳ್ಳಲ್ಲ ಎಂದು ಗೊತ್ತಾಯಿತು, ಮುಚ್ಚಳವನ್ನು ತಿರುಗಿಸಿದರೆ ಹಿಂಬದಿಯಲ್ಲಿ ಅದೇ ಗಂಟು, ಅದರ ಪಕ್ಕ ಅವಳು ಮಲಗಿದಲ್ಲಿಂದಲೇ ಪೆನ್ಸಿಲಿನಲ್ಲಿ ಗೀಚಿದ ಅಡ್ಡಾದಿಡ್ಡಿ ಗೆರೆ. ಬಿಟ್ಟು ಹೋಗಲು ಬಂದವನು ಅದನ್ನು ಬಿಟ್ಟು ಹೋಗುವುದಾದರೂ ಹೇಗೆ? ಪೆನ್ನನ್ನು ಅಲ್ಲೇ ಇಟ್ಟು ಮುಚ್ಚಳವನ್ನು ಮತ್ತೆ ಹೆಗಲಿಗೇರಿಸಲು ಬಗ್ಗಿದೆ. ಅವನು ಎದ್ದು ಬಂದು ಇನ್ನೊಂದು ತುದಿಗೆ ಕೈ ಹಾಕಿದ.

"ಮುಟ್ಟಬೇಡ" ಎಂದೆ.

ದಾರಿಯಲ್ಲಿ ಎರಡು ಕಡೆ ಇಳಿಸಿ ಸುಧಾರಿಸಿಕೊಂಡೆ. ದರ್ಜಿಯಮ್ಮ ಕಿಟಕಿಯಿಂದ, "ಕುಂಚ ತಂದ್ರಾ ಅಜ್ಜ?" ಎಂದು ಕೂಗಿದಳು. ಇಲ್ಲವೆಂದು ತಲೆಯಾಡಿಸಿದೆ. ಅವಳಿಗೂ ಉಳಿದ ಮನೆಗಳವರಿಗೂ ನಾನೇ ಹೋಗಿ ಹೇಳಬೇಕು, ಒಂದೊಂದೇ ಮನೆ, ಅವರು ಕುರ್ಚಿ ಹಾಕುವ ಮೊದಲೇ.

ಮನೆಗೆ ಬಂದು ಮುಚ್ಚಳವನ್ನು ಪೆಟ್ಟಿಗೆಯ ಮೇಲೆ ಬೋರಲು ಇಟ್ಟೆ. ಹಾಳೆ ಒಳಗಾಯಿತು, ಹಿಂಬದಿಯ ಬರೀ ಮರ ಮೇಲಾಯಿತು. ಅಭ್ಯಾಸಬಲದಿಂದ ಬಟ್ಟೆ ಎತ್ತಿಕೊಂಡೆ, ಆಮೇಲೆ ಮಡಿಸಿ ಬದಿಗಿಟ್ಟೆ. ಮುಚ್ಚಿಡುವಂಥದ್ದು ಅದರ ಮೇಲೆ ಇನ್ನೇನೂ ಇರಲಿಲ್ಲ.